ಹ್ಯಾಂಡ್‌ಬಿಲ್ಲಿನಲ್ಲಿ ಅವ್ವನ ಹೆಸರು

ಕೊಪ್ಪಳ
12 ಫೆಬ್ರವರಿ 2002

ರೂಪಕ್ಕನಿಗೆ,

ಇಲ್ಲಿ ನಾವೆಲ್ಲ ಕ್ಷೇಮ ಎಂದು ಬರೆದು ಶುರುಮಾಡಬೇಕು. ಆದರೆ ಅವ್ವನಿಗೆ ನಾಲ್ಕು ದಿನದಿಂದ ಹಲ್ಲುನೋವು. ಅದಕ್ಕೆ ಆ ಸಾಲು ಬಿಟ್ಟಿದ್ದೇನೆ.

ಕುಷ್ಟಗಿಯ ಹೊಲಿಗೆ ಕ್ಲಾಸು ಬಿಟ್ಟೆ. ಗಂಗಾವತಿಯ ಎಸ್‌ಟಿಡಿ ಬೂತನ್ನೂ ಬಿಟ್ಟೆ. ಈಗ ಎರಡು ತಿಂಗಳಿಂದ ಇಲ್ಲಿ ಶಾಮೀದಸಾಬರ ನಾಟಕದ ಡ್ರೆಸ್ ಅಂಗಡಿಯಲ್ಲಿದ್ದೇನೆ. ಪರದೆ, ಕಿರೀಟ, ಪೊಲೀಸ್ ಟೋಪಿ ಎಲ್ಲ ಬಾಡಿಗೆಗೆ ಹೋಗಿಬರುತ್ತವೆ, ನಾನು ಹರಿದದ್ದನ್ನು ಹೊಲಿಯುತ್ತೇನೆ. ಊರ ಹುಡುಗರು ಗಂಡು ಪಾತ್ರಕ್ಕಾಗಿ ತಮ್ಮತಮ್ಮಲ್ಲೇ ಜಗಳಾಡಿ ಮುಗಿಸಿ, ಹೆಣ್ಣು ಪಾತ್ರಕ್ಕೆ ಕಲಾವಿದೆಯರನ್ನು ಗೊತ್ತುಮಾಡಲು ಇಲ್ಲಿಗೇ ಬರುತ್ತಾರೆ. ಅವ್ವನಿಗೆ ಅರ್ಧ ನಾಟಕಗಳು ಸಿಗುವುದು ಈ ಅಂಗಡಿಯಿಂದಲೇ. ನನ್ನ ಅಕ್ಷರ ದುಂಡಗಿವೆ ಎಂದು ಸಾಬರು ಹ್ಯಾಂಡ್‌ಬಿಲ್ಲಿನ ಬರಹವನ್ನೂ ನನಗೇ ಒಪ್ಪಿಸಿದ್ದಾರೆ.

ವಿಷಯಕ್ಕೆ ಬರುತ್ತೇನೆ. ಮೊನ್ನೆ ಒಂದು ವಿಗ್ಗಿಗೆ ಸುತ್ತಿದ್ದ ವಾರಪತ್ರಿಕೆಯನ್ನು ಬಿಡಿಸಿದರೆ ಅದರಲ್ಲಿ ನೀನು. ಹಸಿರು ಸೀರೆ, ಧಾರಾವಾಹಿಯ ಸುಮತಿಯ ಅದೇ ದೊಡ್ಡ ಕುಂಕುಮ. ಕೆಳಗೆ ನಿನ್ನ ಮಾತು: "ನಮ್ಮ ತಾಯಿ ಯಲಬುರ್ಗಾದಲ್ಲಿ ಶಾಲಾ ಶಿಕ್ಷಕಿಯಾಗಿದ್ದರು. ಭಾಷೆಯ ಮೇಲಿನ ಪ್ರೀತಿ ಅವರಿಂದಲೇ ಬಂದದ್ದು."

ಅಕ್ಕಾ, ಅವ್ವನಿಗೆ ತನ್ನ ಹೆಸರು ಬರೆಯಲು ಬರುವುದಿಲ್ಲ. ಅವಳ ಪಾತ್ರದ ಮಾತುಗಳನ್ನು ನಾವಿಬ್ಬರೂ ಓದಿ ಹೇಳುತ್ತಿದ್ದೆವು, ಅವಳು ರೊಟ್ಟಿ ಬಡಿಯುತ್ತ ಬಾಯಿಪಾಠ ಮಾಡುತ್ತಿದ್ದಳು. ನೀನು ಒಂದು ಸಲ ತಪ್ಪಿ ಓದಿದರೆ ಎರಡನೆಯ ಸಲ ಅವಳೇ ತಿದ್ದುತ್ತಿದ್ದಳು. ಶಿಕ್ಷಕಿ ಅಂದದ್ದು ಅದಕ್ಕೇ ಏನು?

ನಾನು ಒಂಬತ್ತನೆಯ ತರಗತಿ ಬಿಟ್ಟದ್ದು ನಿನಗೆ ನೆನಪಿದೆ. ಫಾರ್ಮು ತುಂಬುವಾಗ ಮಾಸ್ತರರು "ತಾಯಿ ಉದ್ಯೋಗ?" ಎಂದರು. "ನಾಟಕದಾಗ ಮಾಡ್ತಾಳ್ರೀ" ಎಂದೆ. ಹುಡುಗರು ನಕ್ಕರು. ಮಾಸ್ತರರು, "ಕೂಲಿ ಅಂತ ಬರಿ ಸುಮ್ನ" ಎಂದರು. ಬರೆಯಲಿಲ್ಲ. ಚೀಲ ತೆಗೆದುಕೊಂಡು ಎದ್ದು ಬಂದವಳು ತಿರುಗಿ ಹೋಗಲಿಲ್ಲ. ಆ ದಿನ ನೀನೇ "ಛಲೋ ಮಾಡಿದಿ" ಎಂದಿದ್ದೆ.

ಸಂಜೆ ಏಳಕ್ಕೆ ಅವ್ವ ಪಕ್ಕದ ಮನೆ ಶೇಖರಮ್ಮನವರ ಬಾಗಿಲಲ್ಲಿ ಕೂತು ಟಿ.ವಿ.ಯಲ್ಲಿ ನಿನ್ನನ್ನು ನೋಡುತ್ತಾಳೆ. ನಿನಗೆ ಅತ್ತೆ ಬೈದರೆ ಶೇಖರಮ್ಮ ಅಳುತ್ತಾರೆ. ಅವ್ವ ಅಳುವುದಿಲ್ಲ, ಹೇಳುವುದೂ ಇಲ್ಲ. ನಾವು ಯಲಬುರ್ಗಾ ಬಿಟ್ಟು ಬಂದು ನಾಲ್ಕು ವರ್ಷವಾಯಿತು, ಈ ಓಣಿಯಲ್ಲಿ ಸುಮತಿ ಇವಳ ಮಗಳೆಂದು ಒಂದು ಪಿಳ್ಳೆಗೂ ಗೊತ್ತಿಲ್ಲ. "ಯಾರ ಮುಂದನೂ ಬಾಯಿ ಬಿಡಬ್ಯಾಡ" ಎಂದು ನನಗೆ ಹೇಳಿದ್ದಾಳೆ. ಕೇಳಿದರೆ ಖರೇ ಹೇಳುತ್ತೇನೆ, ಕೇಳದಿದ್ದರೆ ಸುಮ್ಮನಿರುತ್ತೇನೆ ಎಂದೆ. ಇಲ್ಲಿತನಕ ಯಾರೂ ಕೇಳಿಲ್ಲ.

ನಿನಗೆ ಅವ್ವನೆಂದರೆ ನಾಚಿಕೆಯೇ? ಹೌದು ಅಥವಾ ಇಲ್ಲ ಎಂದು ಬರಿ. ಸೀರೆ ಕಳಿಸಬೇಡ.

ದಾನೇಶ್ವರಿ

*

ಬೆಂಗಳೂರು
3 ಮಾರ್ಚ್ 2002

ದಾನೀ,

ಅವ್ವನನ್ನು ಹಲ್ಲಿನ ಡಾಕ್ಟರರಲ್ಲಿಗೆ ಕರೆದುಕೊಂಡು ಹೋಗು. ಲವಂಗ ಇಟ್ಟುಕೊಂಡು ಕೂರುತ್ತಾಳೆ, ಅದಕ್ಕೆ ಬಿಡಬೇಡ.

ಬೆಳಿಗ್ಗೆ ಆರಕ್ಕೆ ಹೊರಟರೆ ಮನೆಗೆ ಬರುವುದು ಕತ್ತಲಾದ ಮೇಲೆ. ಸುಮತಿ ದಿನಕ್ಕೆ ಎರಡು ಸಲವಾದರೂ ಅಳಬೇಕು. ಕಣ್ಣಿಗೆ ಹಾಕುವ ಗ್ಲಿಸರಿನ್ನಿನಿಂದ ಈಗ ಬಿಸಿಲಿಗೆ ಹೋದರೂ ನೀರು ಬರುತ್ತದೆ. ಮೊದಲ ಒಂದು ವರ್ಷ ನಾನು ಬೇರೆಯವರ ಮುಖಕ್ಕೆ ಧ್ವನಿ ಕೊಡುತ್ತಿದ್ದೆ, ಆಮೇಲೆ ಹಿಂದೆ ನೀರಿನ ಕೊಡ ಹೊತ್ತು ನಡೆಯುವ ಕೆಲಸದವಳಾದೆ, ಆಮೇಲೆ ಸುಮತಿ. ಇಲ್ಲಿ ನನ್ನ ಬಾಯಿಂದ "ಐತಿ" ಬಿಡಿಸಲು ಎಂಟು ತಿಂಗಳು ಹಿಡಿಯಿತು. ಹೋದ ವಾರ ಅಳುವ ದೃಶ್ಯದಲ್ಲಿ ತಪ್ಪಿ "ಯವ್ವಾ" ಎಂದೆ. ಎಲ್ಲರೂ ನಕ್ಕರು, ಮತ್ತೆ ತೆಗೆದರು.

ನೀನು ಬರೆದದ್ದನ್ನು ಓದಿದೆ. ಆ ಮಾತನ್ನು ಅವ್ವನ ಮುಂದೆ ಎತ್ತಬೇಡ. ಸಿಟ್ಟಿದ್ದರೆ ನನ್ನ ಮೇಲೇ ಇರಲಿ.

ಅಂಗಡಿಯ ಕೆಲಸವನ್ನಾದರೂ ಆರು ತಿಂಗಳು ಮಾಡು.

ನಿನ್ನ ಅಕ್ಕ,
ರೂಪಾ

*

ಕೊಪ್ಪಳ
9 ಏಪ್ರಿಲ್ 2002

ರೂಪಕ್ಕನಿಗೆ,

ಹೌದು ಎಂದೂ ಬರೆಯಲಿಲ್ಲ, ಇಲ್ಲ ಎಂದೂ ಬರೆಯಲಿಲ್ಲ. ಸುಮತಿಯ ಹಾಗೆ ಮುಖ ತಿರುಗಿಸಿ ಹೋದೆ. ನನಗೆ ಉತ್ತರ ಸಿಕ್ಕಿತು ಎಂದು ತಿಳಿದುಕೊಂಡಿದ್ದೇನೆ.

ಈ ಪತ್ರದ ಜೊತೆ ಒಂದು ಹ್ಯಾಂಡ್‌ಬಿಲ್ಲು ಇಟ್ಟಿದ್ದೇನೆ. ಕುಷ್ಟಗಿ ಹತ್ತಿರದ ಒಂದು ಊರಿನವರ ನಾಟಕ, ಇದೇ ಇಪ್ಪತ್ತಾರಕ್ಕೆ. "ಸಾಲಿ ಕಲಿತ ಸೊಸಿ ಅರ್ಥಾತ್ ಸಾವಕಾರನ ಸೋಲು." ಅವ್ವನದು ಎಂದಿನಂತೆ ಹಾಸ್ಯ. ಅವಳ ಹೆಸರಿದ್ದಲ್ಲಿ ನೋಡು. ಬರೆದವಳು ನಾನೇ: "ಮನೆಮನೆಯ ಮಗಳು 'ಸುಮತಿ' ಖ್ಯಾತಿಯ ಕುಮಾರಿ ರೂಪಾ ಇವರ ಹೆತ್ತ ತಾಯಿ ಶ್ರೀಮತಿ ರೇಣುಕಾದೇವಿ, ಕೊಪ್ಪಳ (ಹಾಸ್ಯ ಪಾತ್ರದಲ್ಲಿ)."

ಕರಡನ್ನು ಶಾಮೀದಸಾಬರಿಗೆ ಓದಿ ಹೇಳಿದ್ದೆ. ಅವರು ಕನ್ನಡಕ ತೆಗೆದಿಟ್ಟರು.

"ಹೆಣ್ಮಗಳ ಹೆಸರಿನ ಮುಂದ ಯಾರ ಮಗಳು, ಯಾರ ತಾಯಿ ಅಂತ ನಾವು ಹಾಕಂಗಿಲ್ಲವಾ. ಹೆಸರು, ಊರು, ಪಾತ್ರ. ಮೂವತ್ತು ವರ್ಷದಿಂದ ಇಷ್ಟ."

"ಖರೇ ಐತಿಲ್ರೀ?"

"ಖರೇನ ಐತಿ. ಖರೇ ಇದ್ದದ್ದೆಲ್ಲ ಮೈಕಿನ್ಯಾಗ ಹೇಳ್ತಾರೇನು?"

ಮರುದಿನ ಅವರು ಪರದೆ ತರಲು ಹೊಸಪೇಟೆಗೆ ಹೋದರು. ನಾನು ಕರಡನ್ನು ಹಾಗೇ ಪ್ರೆಸ್ಸಿಗೆ ಕಳಿಸಿದೆ. ನಾಟಕದ ಊರಿನವರು ನೋಡಿ ಕುಣಿದಾಡಿದರು. "ಮೊದಲ ಯಾಕ ಹೇಳಲಿಲ್ಲ?" ಎಂದು ಇನ್ನೊಂದು ಸಾವಿರ ಪ್ರತಿ ಹಾಕಿಸಿದರು. ಈಗ ಕುಷ್ಟಗಿ ಬಸ್ಸುಗಳಲ್ಲಿ ನೀನೂ ಅವ್ವನೂ ಒಂದೇ ಸಾಲಿನಲ್ಲಿದ್ದೀರಿ.

ನಾನು ಬರೆದದ್ದರಲ್ಲಿ ಒಂದು ಅಕ್ಷರ ಸುಳ್ಳಿದ್ದರೆ ತೋರಿಸು.

ದಾನೇಶ್ವರಿ

*

ಕೊಪ್ಪಳ
2 ಮೇ 2002

ರೂಪಕ್ಕಾ,

ಈ ಪತ್ರವನ್ನು ಮೂರು ಸಲ ಬರೆದು ಹರಿದಿದ್ದೇನೆ. ಮೂರರಲ್ಲೂ ನನ್ನ ತಪ್ಪನ್ನು ಸ್ವಲ್ಪ ಸಣ್ಣದು ಮಾಡಿದ್ದೆ.

ನಾಟಕಕ್ಕೆ ಆರು ಊರಿನ ಜನ ಟ್ರ್ಯಾಕ್ಟರಿನಲ್ಲಿ ಬಂದಿದ್ದರು. ಹೆಂಗಸರೇ ಹೆಚ್ಚು. ನಾನು ಡ್ರೆಸ್ಸಿನ ಜೊತೆ ಹೋಗಿದ್ದೆ. ಅವ್ವ ಕನ್ನಡಿ ಮುಂದೆ ಬಣ್ಣ ಹಚ್ಚಿಕೊಳ್ಳುತ್ತಿದ್ದಾಗ ಹೊರಗೆ ಮೈಕಿನಲ್ಲಿ, "ನಮ್ಮ ನಿಮ್ಮೆಲ್ಲರ ಸುಮತಿಯ ಹೆತ್ತ ತಾಯಿ ಇಂದು ನಮ್ಮೂರಿಗೆ ಬಂದಾರ" ಎಂದು ಕೂಗಿದರು. ಅವ್ವನ ಕೈ ಅರ್ಧ ಗಲ್ಲದ ಮೇಲೆ ನಿಂತಿತು. ಕನ್ನಡಿಯೊಳಗಿಂದಲೇ ನನ್ನನ್ನು ನೋಡಿದಳು. ಆಮೇಲೆ ಇನ್ನೊಂದು ಗಲ್ಲಕ್ಕೂ ಹಚ್ಚಿಕೊಂಡಳು.

ಅವಳ ಪ್ರವೇಶ ನಿನಗೆ ಗೊತ್ತು. ಒಂದು ಕಾಲಲ್ಲಿ ಚಪ್ಪಲಿ, ಇನ್ನೊಂದನ್ನು ಹುಡುಕುತ್ತ ಸ್ಟೇಜೆಲ್ಲ ಕುಂಟುವುದು, ಹಾರ್ಮೋನಿಯಂ ನುಡಿಸುವ ಪೇಟಿ ಮಾಸ್ತರರ ಕಡೆ ತಿರುಗಿ "ನಿಮ್ಮ ಪೇಟ್ಯಾಗ ಏನರ ಹೊಕ್ಕೈತೇನ್ರೀ, ದನಿ ಹಂಗ ಬರಾಕತ್ತೈತಿ" ಎನ್ನುವುದು. ಇಪ್ಪತ್ತು ವರ್ಷದಿಂದ ಅಲ್ಲಿ ಜನ ಬಿದ್ದು ನಕ್ಕಿದ್ದಾರೆ. ಆ ದಿನ ಅವಳು ಕುಂಟುತ್ತ ಬಂದರೆ ಸದ್ದೇ ಇಲ್ಲ. ಹೆಂಗಸರು ಕೈ ಮುಗಿದರು. ಮುಂದೆ ಕೂತಿದ್ದ ಒಬ್ಬ ಮುದುಕ ಎದ್ದು ತನ್ನ ಚಪ್ಪಲಿಗಳನ್ನೇ ತಂದು ಸ್ಟೇಜಿನ ಅಂಚಿಗಿಟ್ಟ.

"ಇವ್ನ ಮೆಟ್ಟಿಕೋರಿ ಅವ್ವಾರ. ಸುಮತಿ ಅವ್ವಾರು ಬರಿಗಾಲಿಲೆ ಅಡ್ಡಾಡಬಾರದು."

ಯಾರೂ ನಗಲಿಲ್ಲ ಅಕ್ಕಾ. ಅವನು ಹಾಸ್ಯಕ್ಕೆ ಹೇಳಿರಲಿಲ್ಲ.

ಆಮೇಲೆ ಗಂಡನ ಪಾತ್ರದ ಹುಡುಗ ಕೋಲು ಹಿಡಿದು ಅವಳನ್ನು ಅಟ್ಟಿಸಿಕೊಂಡು ಬರಬೇಕು. ಅವನು ಕೋಲು ಕೆಳಗಿಟ್ಟು ನಿಂತ. ಅವ್ವ ಬಾಯಿ ಮರೆಮಾಡಿ "ಹೊಡಿಯೋ, ಹೊಡಿ" ಎಂದದ್ದು ಮೈಕಿನಲ್ಲಿ ಕೇಳಿಸಿತು. "ಒಲ್ಲೆ ಬಿಡ್ರಿ, ನಮ್ಮವ್ವ ಬೈತಾಳ" ಎಂದ. ಅವಳು ಒಬ್ಬಳೇ ಓಡಿದಳು, ಒಬ್ಬಳೇ ಬಿದ್ದಳು, ಆ ಬೈಗುಳದ ಮಾತುಗಳನ್ನೂ ಒಂದು ಬಿಡದೆ ಹೇಳಿದಳು. ಹೆಂಗಸರ ಕಡೆಯಿಂದ ಒಂದು ಧ್ವನಿ ಬಂತು: "ಮಗಳು ದೇವತಿಯಂಥಾಕಿ. ಅವ್ವ ನೋಡಿದ್ರ ಹಿಂಗ ಕುಣಿತಾಳ."

ಮುಗಿದ ಮೇಲೆ ಸಾಲಾಗಿ ಬಂದು ಉಡಿ ತುಂಬಿದರು. ತೆಂಗಿನಕಾಯಿ, ಕುಪ್ಪಸದ ಬಟ್ಟೆ. ಒಬ್ಬಾಕೆ ಕಾಲು ಮುಟ್ಟಿ, "ಇಷ್ಟ್ ವಯಸ್ಸಾದ ಮ್ಯಾಲ ಮಗಳು ನಿಮ್ಮನ್ನ ಯಾಕ ಹಿಂಗ ಬಿಟ್ಟಾಳ್ರೀ?" ಎಂದಳು. ಬಣ್ಣ ಹಚ್ಚಿದ ಮುಖದಲ್ಲಿ ಅವ್ವ ಉಡಿ ಹಿಡಿದು ನಿಂತಿದ್ದಳು. ಅವಳನ್ನು ಅಷ್ಟು ಮಂದಿ ಬೈದಿದ್ದರೂ ನಾನು ನೋಡುತ್ತಿದ್ದೆನೇನೋ. ಇದನ್ನು ನೋಡಲಾಗಲಿಲ್ಲ.

ಬೆಳಿಗ್ಗೆ ಬಸ್ಸಿನಲ್ಲಿ ಅವಳು ಬೇರೆ ಸೀಟಿನಲ್ಲಿ ಕೂತಳು. ಆರು ದಿನವಾಯಿತು, ನನ್ನ ಜೊತೆ ಮಾತಿಲ್ಲ.

ದಾನಿ

*

ಬೆಂಗಳೂರು
20 ಮೇ 2002

ದಾನೀ,

ಈಗ ಹೇಳುತ್ತೇನೆ. ಮೊದಲೇ ಹೇಳಬೇಕಿತ್ತು, ಹೇಳಬಾರದೆಂದು ಮಾತು ಕೊಟ್ಟಿದ್ದೆ.

ಹೋದ ವರ್ಷ ಶ್ರಾವಣದಲ್ಲಿ ಅವ್ವ ಮಂತ್ರಾಲಯಕ್ಕೆ ಹೋಗುತ್ತೇನೆಂದು ನಿನಗೆ ಹೇಳಿ ಹೊರಟಳಲ್ಲ, ಅವಳು ಬಂದದ್ದು ನನ್ನಲ್ಲಿಗೆ. ಹಬ್ಬಕ್ಕೆ ಟಿ.ವಿ.ಯವರು ನಟಿಯರನ್ನೂ ಅವರ ತಾಯಂದಿರನ್ನೂ ಕೂರಿಸಿ ಒಂದು ಕಾರ್ಯಕ್ರಮ ಮಾಡುವವರಿದ್ದರು. ನಾನೇ ಅವ್ವನಿಗೆ ಬರಹೇಳಿದ್ದೆ. ಇಳಕಲ್ಲಿನ ಸೀರೆ ತೆಗೆದಿಟ್ಟಿದ್ದೆ. ನಮ್ಮ ತಾಯಿ ನಾಟಕದ ಕಲಾವಿದೆ, ನಾನು ಕಲಿತದ್ದು ಅವಳಿಂದ ಎಂದು ಹೇಳುವುದನ್ನು ಕನ್ನಡಿ ಮುಂದೆ ನಿಂತು ಅಭ್ಯಾಸವನ್ನೂ ಮಾಡಿದ್ದೆ.

ಅವ್ವ ಸೀರೆಯನ್ನು ಮಡಚಿ ನನ್ನ ತೊಡೆಯ ಮೇಲಿಟ್ಟಳು. ಅವಳ ಮಾತನ್ನು ಅವಳ ಹಾಗೇ ಬರೆಯುತ್ತೇನೆ.

"ನನ್ನ ತೋರಿಸಿದಿ ಅಂದ್ರ ನಾಳಿಂದ ನನಗ ನಾಟಕ ಬಂದ್. ನಾ ಸ್ಟೇಜಿನ ಮ್ಯಾಲ ಬಿದ್ರ ನಗತಾರ, ಬೈದ್ರೂ ನಗತಾರ. ಯಾಕ? ನಾ ಯಾರೂ ಅಲ್ಲ, ಅದಕ್ಕ. ಸುಮತಿ ಅವ್ವ ಬಿದ್ಲು ಅಂದ್ರ ಎತ್ತಾಕ ಬರ್ತಾರ, ನಗಾಕಲ್ಲ. ನೀ ಅಳಸ್ತಿ, ನಾ ನಗಸ್ತೀನಿ. ನಿಂದು ನಿನಗಿರಲಿ, ನಂದು ನನಗ ಬಿಡು."

ನನ್ನ ಜೊತೆ ಇಲ್ಲೇ ಇರು, ನಾಟಕ ಬಿಡು ಎಂದೆ. ಅವಳು ನನ್ನನ್ನು ನೋಡಿದ ರೀತಿಗೆ ಇನ್ನೊಮ್ಮೆ ಆ ಮಾತು ಬರಲಿಲ್ಲ. ಶಿಕ್ಷಕಿ ಎಂದು ಹೇಳಿಕೊಟ್ಟದ್ದೂ ಅವಳೇ. "ಬರ್ಯಾಕ ಬರಲಾರದಾಕೀನ ಮಾಸ್ತರಣಿ ಮಾಡು" ಎಂದು ನಕ್ಕಳು.

ದಾನಿಗೆ ಹೇಳಲೇ ಎಂದು ಕೇಳಿದೆ. "ಆಕಿಗೆ ಬ್ಯಾಡ. ಆಕಿ ಬಾಯಾಗ ನಿಲ್ಲಂಗಿಲ್ಲ, ಕೇಳಿದವರಿಗೆಲ್ಲ ಕಾರಣ ಸಮೇತ ಹೇಳ್ತಾಳ" ಎಂದಳು.

ನನಗೆ ನಾಚಿಕೆಯೇ ಎಂದು ನೀನು ಕೇಳಿದ್ದೆ. ಅವ್ವನ ಬಗ್ಗೆ ಇಲ್ಲ. ಆದರೆ ಅವಳು ಬೇಡ ಎಂದಾಗ ನನಗೆ ಒಳಗೊಳಗೆ ಹಗುರವಾಯಿತು. ಆ ಹಗುರದ ಬಗ್ಗೆ ನಾಚಿಕೆ ಇದೆ. ಅದನ್ನು ಇವತ್ತಿನವರೆಗೆ ಯಾರಿಗೂ ಹೇಳಿರಲಿಲ್ಲ.

ರೂಪಾ

*

ಕೊಪ್ಪಳ
18 ಆಗಸ್ಟ್ 2002

ರೂಪಕ್ಕಾ,

ನಿನ್ನ ಪತ್ರಕ್ಕೆ ಉತ್ತರ ಬರೆಯಲು ಮೂರು ತಿಂಗಳು ಮುಖವಿರಲಿಲ್ಲ.

ಅವ್ವನಿಗೆ ಆಮೇಲೆ ಒಂದೂ ಹಾಸ್ಯದ ಪಾತ್ರ ಬಂದಿಲ್ಲ. ಯಲಬುರ್ಗಾ ಕಡೆಯವರು ಬಂದಿದ್ದರು, ನಾಟಕ ಉದ್ಘಾಟನೆಗೆ ದೀಪ ಹಚ್ಚಲು ಕರೆಯಲಿಕ್ಕೆ. ಶಾಲು ಹೊದಿಸಿ ಕುರ್ಚಿಯ ಮೇಲೆ ಕೂರಿಸುತ್ತಾರಂತೆ. ಕುಷ್ಟಗಿಯವರು ತಾಯಿ ಪಾತ್ರ ಕೊಡುತ್ತೇವೆ, ಸೊಸೆಯ ಕಾಲು ಹಿಡಿದು ಅಳಬೇಕು ಎಂದರು. ಇನ್ನೊಬ್ಬರು, "ಅವ್ವಾರು ಬರದಿದ್ರೂ ಆತು, ಮಗಳನ್ನ ಕರಸ್ತಾರೇನು?" ಎಂದು ಕೇಳಿದರು. ಅವ್ವ ಎಲ್ಲರಿಗೂ ಚಹಾ ಮಾಡಿಕೊಟ್ಟು ಕಳಿಸಿದಳು. ಶೇಖರಮ್ಮ ಈಗ ಅವಳನ್ನು ಬಾಗಿಲಲ್ಲಿ ಕೂರಲು ಬಿಡುವುದಿಲ್ಲ, ಟಿ.ವಿ. ಮುಂದೆ ಕುರ್ಚಿ ಹಾಕುತ್ತಾರೆ. ಅವ್ವ ಹೋಗುವುದನ್ನೇ ಬಿಟ್ಟಳು.

ನನ್ನ ಜೊತೆ ಮಾತಾಡಬೇಕಾದಾಗ ಬೆಕ್ಕಿಗೆ ಹೇಳುತ್ತಾಳೆ. "ಉಣ್ಣಾಕ ಎಬ್ಬಿಸು ಆಕೀನ." "ಸೀಮಿಎಣ್ಣಿ ತೀರೈತಿ ಅಂತ ಹೇಳು." ಬೆಕ್ಕು ನನ್ನನ್ನು ನೋಡುತ್ತದೆ, ನಾನು ಬೆಕ್ಕನ್ನು ನೋಡುತ್ತೇನೆ. ಬೇರೆ ಯಾರ ಮನೆಯಲ್ಲಾದರೂ ಆಗಿದ್ದರೆ ನಗುತ್ತಿದ್ದೆ.

ನಾನು ಬರೆಯದೆ ಉಳಿಸಿಕೊಂಡದ್ದು ಎರಡು ಇವೆ.

ಒಂದು. ಹ್ಯಾಂಡ್‌ಬಿಲ್ಲು ಅಚ್ಚಾಗಿ ಬಂದ ದಿನ ಅವ್ವ ಅದನ್ನು ಕೈಗೆ ತೆಗೆದುಕೊಂಡು, "ನನ್ನ ಹೆಸರು ಎಲ್ಲೈತಿ?" ಎಂದಳು. ಬೆರಳಿಟ್ಟು ತೋರಿಸಿದೆ. "ಈ ಸಲ ಭಾಳ ಉದ್ದ ಐತಲ್ಲ" ಎಂದಳು. ಕೇಳಿದರೆ ಖರೇ ಹೇಳುತ್ತೇನೆ ಎನ್ನುವವಳು, ಓದು ಬಾರದ ತಾಯಿ ಬೆರಳಿನಿಂದ ತನ್ನ ಸಾಲನ್ನು ಅಳೆಯುವಾಗ ಸುಮ್ಮನಿದ್ದೆ. ಅವಳು ಅದನ್ನು ಮಡಚಿ ಸಂಚಿಯಲ್ಲಿ ಇಟ್ಟುಕೊಂಡಳು.

ಎರಡು. ಅದನ್ನು ಬರೆಯುವಾಗ ನನ್ನ ಕಣ್ಣಮುಂದೆ ಅವ್ವ ಇರಲಿಲ್ಲ. ನೀನಿದ್ದೆ. ಬೆಂಗಳೂರಿನಲ್ಲಿ ಯಾರೋ ಅದನ್ನು ನಿನ್ನ ಮುಂದೆ ಹಿಡಿದಾಗ ಸುಮತಿಯ ಮುಖ ಹೇಗಾಗುತ್ತದೆ ಎಂದು ನೆನೆಸಿಕೊಂಡು ಖುಷಿಪಟ್ಟೆ. ಅದಕ್ಕೆ ಅವ್ವನ ಹೆಸರನ್ನು ಕೋಲಿನ ಹಾಗೆ ಹಿಡಿದಿದ್ದೆ. ಅಕ್ಷರ ಒಂದೂ ಸುಳ್ಳಿರಲಿಲ್ಲ, ಹೌದು.

ಶಾಮೀದಸಾಬರು ಕೆಲಸದಿಂದ ತೆಗೆಯಲಿಲ್ಲ. ತೆಗೆದಿದ್ದರೆ ಚೆನ್ನಾಗಿತ್ತು. "ಬಿಟ್ಟು ಹೋಗಬ್ಯಾಡವಾ. ಪ್ರತಿ ಸಲ ಎದ್ದು ಹೋಗೋದು ಕಲ್ತಿ, ಈ ಸಲ ಕುಂತು ನೋಡು" ಎಂದರು. ಕೂತಿದ್ದೇನೆ.

ದಾನಿ

*

ಬೆಂಗಳೂರು
5 ನವೆಂಬರ್ 2002

ದಾನೀ,

ನೀನು ನೆನೆಸಿಕೊಂಡು ಖುಷಿಪಟ್ಟದ್ದು ಹೋದ ತಿಂಗಳು ನಿಜವಾಗಿಯೇ ಆಯಿತು. ಪತ್ರಿಕೆಯವರು ಹ್ಯಾಂಡ್‌ಬಿಲ್ಲನ್ನು ತಂದು ಮೇಜಿನ ಮೇಲಿಟ್ಟರು. ನಾಲ್ಕು ಮಡಿಕೆ ಬಿದ್ದಿತ್ತು, ಯಾರ ಜೇಬಿನಲ್ಲಿ ಎಷ್ಟು ದಿನ ಇತ್ತೋ. "ಇವರು ನಿಮ್ಮ ತಾಯಿಯೇ?" ಎಂದರು.

ನಿಜ ಹೇಳಿಬಿಡೋಣ ಎಂದು ಬಾಯಿ ತೆರೆದೆ. ಹೇಳಿದರೆ ಬೆಂಗಳೂರಿನಲ್ಲಿ ನನ್ನನ್ನು ಮೆಚ್ಚಿಕೊಳ್ಳುತ್ತಿದ್ದರು, ಎಷ್ಟು ಒಳ್ಳೆಯ ಹುಡುಗಿ, ಮುಚ್ಚಿಡಲಿಲ್ಲ ಎಂದು. ಮಾರನೆಯ ವಾರ ಅವ್ವನ ಫೋಟೋಕ್ಕೆ ಕ್ಯಾಮೆರಾ ಹಿಡಿದು ಕೊಪ್ಪಳಕ್ಕೆ ಬರುತ್ತಿದ್ದರು. ಇಲ್ಲಿತನಕ ಅವಳ ಹೆಸರು ಎರಡು ತಾಲೂಕಿಗೆ ಗೊತ್ತು. ಅದರಾಚೆ ಅವಳ ಮುಖ ಯಾರಿಗೂ ಗೊತ್ತಿಲ್ಲ.

"ಅಲ್ಲ. ಯಾರೋ ನಾಟಕದವರು ನನ್ನ ಹೆಸರು ಬಳಸಿಕೊಂಡಿದ್ದಾರೆ" ಎಂದೆ. ಸುಮತಿಯ ಧ್ವನಿಯಲ್ಲೇ ಹೇಳಿದೆ. ನಂಬಿದರು. ಒಬ್ಬರು, "ಇಂಥ ಹೆಂಗಸರ ಮೇಲೆ ಕೇಸು ಹಾಕಬೇಕು ಮೇಡಂ" ಎಂದರು. ನಾನು ಹೋಗಲಿ ಬಿಡಿ, ಬಡವರು ಎಂದೆ. ಅದು ಅಚ್ಚಾಗಿದೆ. ನಿನಗೆ ಸಿಕ್ಕಿರಬಹುದು. ಸಿಗದಿದ್ದರೆ ಹುಡುಕಬೇಡ.

ಸುಮತಿ ಸಂಕ್ರಾಂತಿಯ ಹೊತ್ತಿಗೆ ಸಾಯುತ್ತಾಳೆ. ಧಾರಾವಾಹಿ ಮುಗಿಸುತ್ತಾರೆ. ಮುಂದಿನದರಲ್ಲಿ ಇಬ್ಬರು ದೊಡ್ಡ ಮಕ್ಕಳ ತಾಯಿಯ ಪಾತ್ರ ಇದೆ, ಒಪ್ಪಿಕೋ ಎನ್ನುತ್ತಿದ್ದಾರೆ. ನನಗೆ ಇಪ್ಪತ್ತೈದು. ಕೂದಲಿಗೆ ಬಿಳಿ ಹಚ್ಚಿ ಫೋಟೋ ತೆಗೆದರು. ನೋಡಿದರೆ ಥೇಟ್ ಅವ್ವ.

ನಾನು ಇನ್ನು ಏನು ಮಾಡಬಹುದು, ಅವಳನ್ನೇ ಕೇಳಿ ಬರಿ. ಬೆಕ್ಕಿನ ಮೂಲಕವಾದರೂ ಕೇಳು.

ರೂಪಾ

*

ಕೊಪ್ಪಳ
27 ಫೆಬ್ರವರಿ 2003

ರೂಪಕ್ಕಾ,

ಆ ಪತ್ರಿಕೆ ಶೇಖರಮ್ಮನವರ ಮನೆಗೆ ಬಂತು. ಅವರು ಅವ್ವನಿಗೆ ಕೇಳಿಸುವ ಹಾಗೆ ಬಾಗಿಲಲ್ಲಿ ನಿಂತು ಓದಿದರು. ಆಮೇಲೆ ಎರಡು ದಿನ ಓಣಿಯವರೆಲ್ಲ ಅವ್ವನನ್ನು ಕಳ್ಳಿಯ ಹಾಗೆ ನೋಡಿದರು. "ಯಾರದೋ ಮಗಳನ್ನ ನನ್ನ ಮಗಳು ಅಂತ ಹೇಳಾಕ ನಾಚಿಕಿ ಬರಲಿಲ್ಲೇನು?" ಎಂದರು ಶೇಖರಮ್ಮ. ಅವ್ವ, "ತಪ್ಪಾತ್ರಿ, ಹೊಟ್ಟಿಪಾಡು" ಎಂದು ಕೈ ಮುಗಿದಳು. ನಾನು ಒಳಗೆ ನಿಂತಿದ್ದೆ. ಹೊರಗೆ ಬಂದು ಅದು ಅವಳ ಮಗಳೇ, ಬರೆದವಳು ನಾನೇ ಎಂದು ಹೇಳಲು ಬಾಗಿಲತನಕ ಬಂದೆ. ಅವ್ವ ಹಿಂದಕ್ಕೆ ತಿರುಗದೆ, ಬೆಕ್ಕಿಗೆ, "ಒಳಗ ಕುಂದರು" ಎಂದಳು. ಬೆಕ್ಕು ಅಲ್ಲಿರಲಿಲ್ಲ. ನಾನು ಒಳಗೆ ಕೂತೆ.

ಅದಾದ ಮೇಲೆ ಅವಳೇ ಅಂಗಡಿಗೆ ಬಂದಳು. ಸಾಬರ ಮುಂದೆ ಕೂತು, "ಗಂಗಾವತಿ ಕಡೆ ನನ್ನ ಯಾರೂ ಕಂಡಿಲ್ಲ. ಅಲ್ಲಿ ಒಂದು ಗೊತ್ತು ಮಾಡ್ರಿ" ಎಂದಳು.

"ಹೆಸರು ಏನ್ ಹಾಕೋಣು?"

"ಯಾವುದರ ಹಾಕ್ರಿ. ರೇಣುಕಾದೇವಿ ಬ್ಯಾಡ."

ಸಾಬರು "ಉಡಚಮ್ಮ" ಎಂದರು. ಊರು ಸಿಂಧನೂರು ಎಂದು ಹಾಕಬೇಕಾಯಿತು. ಹಾಳೆ ನನ್ನ ಮುಂದೆ ಬಂತು. ಅಕ್ಕಾ, "ಕೂಲಿ" ಎಂಬ ಎರಡು ಅಕ್ಷರ ಬರೆಯಲಾರದೆ ಸಾಲೆ ಬಿಟ್ಟ ಕೈ ಇದು. ಬರೆದೆ. ದುಂಡಗೆ ಬರೆದೆ. ಹೆಸರು, ಊರು, ಪಾತ್ರ.

ನಾಟಕ ಅಕ್ಕಿ ಗಿರಣಿಗಳ ಹಮಾಲರದು. ಅವ್ವ ಹಳೆಯ ಪ್ರವೇಶ ಬಿಟ್ಟು ಬೇರೆ ಕಟ್ಟಿದ್ದಳು. ಅಕ್ಕಿ ಮೂಟೆ ಹೊತ್ತ ಹಾಗೆ ಖಾಲಿ ಚೀಲ ಹೊತ್ತು, ಬೆನ್ನು ಬಾಗಿಸಿ, ಉಬ್ಬಸಪಡುತ್ತ ಬಂದಳು. ಹಮಾಲರಿಗೆ ಒಂದು ಕ್ಷಣ ಅರ್ಥವಾಗಲಿಲ್ಲ. ಆಮೇಲೆ ಹಿಂದಿನಿಂದ ಯಾರೋ "ಯಮ್ಮೋ, ದಿಂಚು ದಿಂಚು" ಎಂದು ತೆಲುಗಿನಲ್ಲಿ ಕೂಗಿದ. ಇಳಿಸು ಎಂದು. ಅವ್ವ ಇಳಿಸಿದ ಖಾಲಿ ಚೀಲವನ್ನು ಸ್ಟೇಜಿನ ಮೇಲಿದ್ದ ಇಬ್ಬರು ಸೇರಿಯೂ ಎತ್ತಲಾರದ ಹಾಗೆ ಆಟ ಕಟ್ಟಿದ್ದಳು. ಅಷ್ಟು ದೊಡ್ಡ ನಗುವನ್ನು ನಾನು ಮರೆತೇ ಹೋಗಿದ್ದೆ. ನಾನು ಪರದೆಯ ಹಿಂದೆ ಹಗ್ಗ ಹಿಡಿದು ನಿಂತಿದ್ದೆ. ನಗಲು ಆಗಲಿಲ್ಲ. ನನಗೆ ಆ ಹಕ್ಕಿಲ್ಲ ಅನ್ನಿಸಿತು.

ಬೆಳಿಗ್ಗೆ ಗಂಗಾವತಿ ಬಸ್ ಸ್ಟ್ಯಾಂಡಿನಲ್ಲಿ ಕೊಪ್ಪಳದ ಬಸ್ಸಿಗೆ ಕಾಯುತ್ತಿದ್ದೆವು. ಅವ್ವ ಕಂಬಕ್ಕೆ ಒರಗಿ ಕಣ್ಣು ಮುಚ್ಚಿ ಎಲೆಯಡಿಕೆ ಅಗಿಯುತ್ತಿದ್ದಳು. ಕಿವಿಯ ಹಿಂದೆ ಬಣ್ಣ ಇನ್ನೂ ಇತ್ತು. ಮಗುವನ್ನು ಎತ್ತಿಕೊಂಡ ಒಬ್ಬ ಹೆಂಗಸು ನನ್ನ ಪಕ್ಕ ಕೂತು ಪಿಸುಮಾತಿನಲ್ಲಿ ಕೇಳಿದಳು.

"ನಿನ್ನೆ ಚೀಲ ಹೊತ್ತಾಕಿ ಈಕೇನ ಅಲ್ಲೇನು?"

"ಹೌದ್ರಿ."

"ಯವ್ವಾ, ನಕ್ಕೂ ನಕ್ಕೂ ಹೊಟ್ಟಿ ಹಿಡಕೊಂಡ್ವಿ. ನನ್ನ ಗಂಡ ಮದುವ್ಯಾಗೂ ನಗಲಾರದಾವ, ಅವನೂ ನಕ್ಕ. ನಿನಗ ಏನಾಗಬೇಕು ಈಕಿ?"

ಕೇಳಿದಳು ಅಕ್ಕಾ. ಇಷ್ಟು ದಿನ ಯಾರೂ ಕೇಳಿರಲಿಲ್ಲ, ಇವಳು ನೇರವಾಗಿ ಕೇಳಿದಳು. ಅವ್ವನ ದವಡೆ ನಿಂತಿತು. ಕಣ್ಣು ತೆರೆಯಲಿಲ್ಲ.

"ಏನೂ ಆಗಬೇಕಿಲ್ರಿ. ನಾ ಡ್ರೆಸ್ ಅಂಗಡಿಯಾಕಿ."

"ಮಕ್ಕಳು ಮರಿ ಅದಾವೇನು ಪಾಪ?"

"ಇಲ್ರಿ."

ಅವ್ವ ಮತ್ತೆ ಅಗಿಯತೊಡಗಿದಳು. ಬಸ್ಸು ಬಂದು ನಿಂತ ಮೇಲೆ ಕಣ್ಣು ಬಿಟ್ಟು, "ಗಂಟು ನೀ ಹಿಡಿ, ನನ್ನ ಸೊಂಟ ಹಿಡದೈತಿ" ಎಂದಳು. ಸುತ್ತ ಬೆಕ್ಕಿರಲಿಲ್ಲ. ನನಗೇ ಹೇಳಿದಳು, ಹತ್ತು ತಿಂಗಳ ಮೇಲೆ. ಬಸ್ಸಿನಲ್ಲಿ ಪಕ್ಕದಲ್ಲಿ ಕೂತಳು. ಅವಳ ಮುಖ ನೋಡಲು ನನಗೆ ಆಗಲಿಲ್ಲ, ಗಂಟು ತೊಡೆಯ ಮೇಲಿಟ್ಟುಕೊಂಡು ಕೊಪ್ಪಳದ ತನಕ ಅದರ ಗಂಟನ್ನೇ ನೋಡುತ್ತ ಬಂದೆ.

ನೀನು ಏನು ಮಾಡಬಹುದೆಂದು ಕೇಳಿದ್ದೆ. ಅವ್ವ ನನಗೇ ಹೇಳಿ ಬರೆಸಿದ್ದು ಇಷ್ಟು: "ಮುದುಕಿ ಪಾತ್ರ ಒಪ್ಪಿಕೋ. ಅಳುವಾಗ ಸೆರಗು ಬಾಯಿಗೆ ಇಡಬ್ಯಾಡ, ಮಾತು ಕೇಳಂಗಿಲ್ಲ."

ಇನ್ನೊಂದು ನನ್ನದು. ಆ ಹೆಂಗಸಿಗೆ ಸುಳ್ಳು ಹೇಳಲು ನಾನು ಸ್ವಲ್ಪವಾದರೂ ತಡೆದೆನೇ ಎಂದು ಅವತ್ತಿನಿಂದ ನೆನಪು ಮಾಡಿಕೊಳ್ಳುತ್ತಿದ್ದೇನೆ. ತಡೆಯಲಿಲ್ಲ. ಎಷ್ಟು ಬೇಗ "ಇಲ್ರಿ" ಎಂದೆನೆಂದರೆ, ಅವಳು ಪಾಪ ಎಂದು ಅವ್ವನ ಕಡೆ ನೋಡಿ, ಮಗುವಿನ ಕೈಯಲ್ಲಿದ್ದ ಬಾಳೆಹಣ್ಣನ್ನು ಮುರಿದು ಅರ್ಧ ಅವಳ ಉಡಿಯಲ್ಲಿಟ್ಟು ಹೋದಳು.

ನಿನ್ನ ತಂಗಿ,
ದಾನಿ